ಅಪ್‌ಡೇಟ್: ತೆಲುಗು ಪ್ರೇಮಚಿತ್ರದ ಸಿಂಕ್ ಸೌಂಡ್ ಸಮಸ್ಯೆ ಬಗೆಹರಿಯಿತು

ಹೈದರಾಬಾದಿನ ಪದ್ಮಾರಾವ್ ನಗರದ ಬಾಡಿಗೆ ಮನೆಯಲ್ಲಿ ನಮ್ಮ ಸಣ್ಣ ಬಜೆಟ್ಟಿನ ತೆಲುಗು ಪ್ರೇಮಚಿತ್ರವನ್ನು ಸಿಂಕ್ ಸೌಂಡಿನಲ್ಲಿ (ನಟರ ಮಾತನ್ನು ಚಿತ್ರೀಕರಣದ ಹೊತ್ತಿನಲ್ಲೇ ಮುದ್ರಿಸಿಕೊಂಡು) ಚಿತ್ರೀಕರಿಸುವಾಗ ಸಂಭಾಷಣೆಯೆಲ್ಲ ಮಾರ್ದನಿಸುತ್ತಿದೆ, ಏನು ಮಾಡಲಿ ಎಂದು ಹತ್ತು ದಿನಗಳ ಹಿಂದೆ ಇಲ್ಲಿ ಕೇಳಿದ್ದೆ. ಕ್ಯಾಮೆರಾಗೆ ಕಾಣದ ಗೋಡೆಗಳಿಗೆ ದಪ್ಪ ಕಂಬಳಿ ತೂಗುಹಾಕಿ, ಬೂಮ್ ಮೈಕನ್ನು (ಉದ್ದ ಕೋಲಿನ ತುದಿಗೆ ಕಟ್ಟಿದ ಮೈಕ್) ಫ್ರೇಮಿನ ಅಂಚಿನವರೆಗೂ ಇಳಿಸಿ ಎಂದವರ ಸಲಹೆಯೇ ಫಲಿಸಿತು. ಅವರಿಗೆ ಮನಃಪೂರ್ವಕ ಧನ್ಯವಾದಗಳು. ತೆಳು ಫೋಮ್ ಹಾಳೆಗಳಿಂದ ಪ್ರಯೋಜನವಾಗಲಿಲ್ಲ, ಉಡುಪಿಗೆ ಸಿಕ್ಕಿಸುವ ಲೇಪಲ್ ಮೈಕಿನಲ್ಲಿ ನಾಯಕಿಯ ಗಂಜಿ ಹಾಕಿದ ಹತ್ತಿ ಸೀರೆಯ ಸರಸರ ಸದ್ದೇ ಮಾತಿಗಿಂತ ಮುಂದಿತ್ತು.

ಸದ್ದು ಮುದ್ರಣವಾಗದಂತೆ ಫ್ರಿಜ್ ಆರಿಸುವಾಗ ಕಾರಿನ ಕೀಲಿಯನ್ನು ಅದರೊಳಗೇ ಇಟ್ಟರೆ ಹೊರಡುವಾಗ ಮತ್ತೆ ಹಚ್ಚಲು ಮರೆಯುವುದಿಲ್ಲ ಎಂಬುದು ಹೊಸದಾಗಿ ಕಲಿತದ್ದು. ಪ್ರತಿ ಕೋಣೆಯಲ್ಲೂ 30 ಸೆಕೆಂಡುಗಳ ಮೌನವನ್ನು ಪ್ರತ್ಯೇಕವಾಗಿ ಮುದ್ರಿಸಿಕೊಂಡದ್ದು ಸಂಕಲನದಲ್ಲಿ ಮಾತುಗಳ ನಡುವಿನ ಖಾಲಿ ಜಾಗ ತುಂಬಲು ಬಹಳ ನೆರವಾಯಿತು. ನಾಯಕ, ನಾಯಕಿ ಬೇರೆಯಾಗುವ ದೃಶ್ಯದಲ್ಲಿ ಆಕೆ ಉಸಿರು ಬಿಗಿಹಿಡಿದ ಆ ಕ್ಷಣ ಡಬ್ಬಿಂಗಿನಲ್ಲಿ ನಮಗೆ ಎಂದಿಗೂ ದಕ್ಕುತ್ತಿರಲಿಲ್ಲ.