ಟಿಕಿಂಟರ್ ಲೇಬಲ್‌ನಲ್ಲಿ ಉದ್ದ ಮೆಸೇಜ್ ಮುಂದಿನ ಸಾಲಿಗೆ ಇಳಿಯುತ್ತಿಲ್ಲ

ಕೋಡುಬಳೆ:
ಪೈಥಾನ್‌ನ ಟಿಕಿಂಟರ್ (ವಿಂಡೋ, ಬಟನ್ ಮಾಡೋ ಲೈಬ್ರರಿ) ಬಳಸ್ತಿದ್ದೀನಿ. ಎರರ್ ಮೆಸೇಜ್ ತೋರಿಸೋಕೆ ಒಂದು ಲೇಬಲ್ (ಪಠ್ಯ ತೋರಿಸೋ ಭಾಗ) ಇದೆ. ಮೆಸೇಜ್ ಉದ್ದವಾದರೆ ವಿಂಡೋ ಸ್ಕ್ರೀನ್ ದಾಟಿ ಹೋಗುತ್ತೆ. ವಿಡ್ತ್=40 ಕೊಟ್ಟರೆ ಎರಡೂ ಬದಿ ಕತ್ತರಿಸಿಹೋಗುತ್ತೆ. ರ‍್ಯಾಪ್‌ಲೆಂತ್=40 (ಸಾಲು ಮುರಿಯೋ ಅಗಲ) ಕೊಟ್ಟರೆ ಸಾಲಿಗೆ ಎರಡು ಮೂರು ಅಕ್ಷರ ಬಂದು ಲೇಬಲ್ ಕಂಬದ ಹಾಗೆ ನಿಲ್ಲುತ್ತೆ. ವಿಂಡೋ ಎಳೆದರೆ ಸಾಲುಗಳೂ ಹೊಂದಿಕೊಳ್ಳಬೇಕು. ಏನು ಮಾಡೋದು?

ಮಲೆನಾಡಿಗ:
ಎರಡರ ಅಳತೆ ಬೇರೆ ಬೇರೆ. ವಿಡ್ತ್ ಅಕ್ಷರದ ಲೆಕ್ಕ, ರ‍್ಯಾಪ್‌ಲೆಂತ್ ಪಿಕ್ಸೆಲ್ ಲೆಕ್ಕ. ಅದರ ಡೀಫಾಲ್ಟ್ 0, ಅಂದರೆ ಸಾಲು ಮುರಿಯಲೇಬೇಡ ಅಂತ. 400 ಹಾಕಿ ನೋಡಿ. ಜೊತೆಗೆ ಜಸ್ಟಿಫೈ='ಲೆಫ್ಟ್', ಆಂಕರ್='ಡಬ್ಲ್ಯೂ' ಎರಡೂ ಬೇಕು. ಮೊದಲನೆಯದು ಸಾಲುಗಳನ್ನು ಎಡಕ್ಕೆ ಸಮ ಮಾಡುತ್ತೆ, ಎರಡನೆಯದು ಇಡೀ ಪಠ್ಯವನ್ನು ಲೇಬಲ್‌ನ ಎಡ ಅಂಚಿಗೆ ತರುತ್ತೆ.

ಟರ್ಮಿನಲ್ ತಿಮ್ಮ:
400 ಅಂತ ಬರೆದಿಟ್ಟರೆ ವಿಂಡೋ ಎಷ್ಟು ಎಳೆದರೂ 400 ಆಗೇ ಇರುತ್ತೆ. ಲೇಬಲ್‌ನ ಕಾನ್ಫಿಗರ್ ಈವೆಂಟಿಗೆ (ಅಳತೆ ಬದಲಾದಾಗ ಬರೋ ಸೂಚನೆ) ಒಂದು ಫಂಕ್ಷನ್ ಬೈಂಡ್ ಮಾಡಿ, ಅದರೊಳಗೆ ರ‍್ಯಾಪ್‌ಲೆಂತ್=ಈವೆಂಟ್.ವಿಡ್ತ್-10 ಹಾಕಿ. 10 ಪ್ಯಾಡಿಂಗ್, ಬಾರ್ಡರ್‌ಗೆ.

ಆದರೆ ಲೇಬಲನ್ನು ವಿಂಡೋದಲ್ಲಿ ಕೂರಿಸೋ ಪ್ಯಾಕ್‌ನಲ್ಲಿ ಫಿಲ್='ಎಕ್ಸ್' (ಅಡ್ಡಕ್ಕೆ ಪೂರ್ತಿ ಹರಡು ಅಂತ) ಇರಲೇಬೇಕು. ಗ್ರಿಡ್ ಆದರೆ ಸ್ಟಿಕಿ='ಇಡಬ್ಲ್ಯೂ', ಆ ಕಾಲಮ್‌ಗೆ ವೆಯ್ಟ್=1. ಇಲ್ಲದಿದ್ದರೆ ಲೇಬಲ್ ಪಠ್ಯದಷ್ಟೇ ಅಗಲ ಆಗುತ್ತೆ, ಸಾಲು ಮುರಿದಾಗ ಕಿರಿದಾಗುತ್ತೆ, ಅದಕ್ಕೆ ಮತ್ತೆ ಈವೆಂಟ್ ಬಂದು ಇನ್ನೂ ಕಿರಿದು. ವಿಂಡೋ ಹಿಗ್ಗಿಸಿದರೂ ಅದು ವಾಪಸ್ ಹಿಗ್ಗಲ್ಲ. ಫಿಲ್ ಕೊಟ್ಟೂ ವಿಂಡೋನೇ ತಾನಾಗಿ ಕುಗ್ಗುತ್ತಾ ಹೋದರೆ ನೀವು ಜಿಯಾಮೆಟ್ರಿ (ವಿಂಡೋ ಅಳತೆ) ಕೊಟ್ಟಿಲ್ಲ ಅಂತ ಅರ್ಥ. ರೂಟ್.ಜಿಯಾಮೆಟ್ರಿ('480ಎಕ್ಸ್240') ಮೊದಲೇ ಬರೆಯಿರಿ.

ಕೋಡುಬಳೆ:
ಸರಿಹೋಯ್ತು, ಥ್ಯಾಂಕ್ಸ್. ಉದ್ದನೆಯ ಫೈಲ್ ಪಾತ್ ಬಂದಾಗ ಮಾತ್ರ ಹೆಸರಿನ ನಡುವೆಯೇ ತುಂಡಾಗುತ್ತೆ. ಬಳಸೋರು ಅದನ್ನ ಕಾಪಿ ಕೂಡ ಮಾಡ್ಕೋಬೇಕು.

ಮಲೆನಾಡಿಗ:
ಸ್ಪೇಸ್ ಸಿಗದಿದ್ದರೆ ಟಿಕೆ (ಟಿಕಿಂಟರ್‌ನ ಒಳಗಿನ ಎಂಜಿನ್) ಸಾಲು ತುಂಬಿದ ಕಡೆಯೇ ಮುರಿಯುತ್ತೆ. ಇನ್ನು ಲೇಬಲ್‌ನಿಂದ ಮೌಸ್‌ನಲ್ಲಿ ಸೆಲೆಕ್ಟ್ ಮಾಡೋಕೇ ಆಗಲ್ಲ. ಪಾತನ್ನು ಮೆಸೇಜಿನಿಂದ ಬಿಡಿಸಿ, ಸ್ಟೇಟ್='ರೀಡ್‌ಓನ್ಲಿ' ಇರೋ ಎಂಟ್ರಿಗೆ (ಒಂದು ಸಾಲಿನ ಪಠ್ಯ ಪೆಟ್ಟಿಗೆ) ಹಾಕಿ. ಒಂದೇ ಸಾಲಲ್ಲಿ ಇರುತ್ತೆ, ಕಾಪಿನೂ ಆಗುತ್ತೆ.

ಟರ್ಮಿನಲ್ ತಿಮ್ಮ:
ಮೆಸೇಜೇ ಪುಟಗಟ್ಟಲೆ ಬರೋದಾದರೆ 240 ಎತ್ತರದಲ್ಲಿ ಕೆಳಗಿನ ಸಾಲುಗಳು ಕಾಣಲ್ಲ. ಆಗ ಲೇಬಲ್ ಜೊತೆ ಗುದ್ದಾಡೋದು ಬಿಟ್ಟು ಟೆಕ್ಸ್ಟ್ ವಿಜೆಟ್ (ಹಲವು ಸಾಲಿನ ಪಠ್ಯ ಪೆಟ್ಟಿಗೆ) ಹಾಕಿ: ರ‍್ಯಾಪ್='ವರ್ಡ್', ಹೈಟ್=6 (ಡೀಫಾಲ್ಟ್ 24 ಸಾಲು, ಎರರ್‌ಗೆ ಅಷ್ಟು ಜಾಗ ದಂಡ), ಪಕ್ಕದಲ್ಲಿ ಸ್ಕ್ರಾಲ್‌ಬಾರ್. ಪಠ್ಯ ತುಂಬಿದ ಮೇಲೆಯೇ ಸ್ಟೇಟ್='ಡಿಸೇಬಲ್ಡ್' ಮಾಡಿ. ಮೊದಲೇ ಮಾಡಿದರೆ ಇನ್ಸರ್ಟ್ ಏನೂ ಹಾಕಲ್ಲ, ಎರರ್ ಕೂಡ ಕೊಡಲ್ಲ.