‘ಪ್ರದರ್ಶನ’ ಮತ್ತು ‘ಪ್ರತಿಷ್ಠಾಪನೆ’: ಕಲಾಬರಹದಲ್ಲಿ ಎದುರಾಗುವ ಒಂದು ತೊಡಕು

ಅಮೆರಿಕದ ಕಲಾವಿದೆ ಜೋನ್ ಜೋನಾಸ್ ಅವರನ್ನು ಪರಿಚಯಿಸುವ ಲೇಖನವೊಂದನ್ನು ಬರೆಯುತ್ತಿದ್ದು, ಇಂಗ್ಲಿಷಿನ ‘ಪರ್ಫಾರ್ಮೆನ್ಸ್’ (ಕಲಾವಿದೆ ತಾನೇ ಜನರೆದುರು ನಡೆಸುವ ಕೃತಿ) ಮತ್ತು ‘ಇನ್‌ಸ್ಟಲೇಶನ್’ (ಪರಿಕರಗಳನ್ನು ಕೋಣೆಯಲ್ಲಿ ಹೂಡಿಟ್ಟ ಕೃತಿ) ಎಂಬುವಕ್ಕೆ ಕನ್ನಡದಲ್ಲಿ ಬಳಸುವ ಎರಡು ಪದಗಳ ಬಗ್ಗೆ ಬಲ್ಲವರ ಅಭಿಪ್ರಾಯ ಬೇಕಾಗಿದೆ. 1936ರಲ್ಲಿ ನ್ಯೂಯಾರ್ಕಿನಲ್ಲಿ ಹುಟ್ಟಿದ ಜೋನಾಸ್ ಶಿಲ್ಪಕಲೆ ಕಲಿತು, 1960ರ ದಶಕದ ಕೊನೆಗೆ ಕನ್ನಡಿಗಳನ್ನು ಬಳಸಿ ಪ್ರೇಕ್ಷಕರ ಎದುರಿನಲ್ಲೇ ನಡೆಯುವ ಕೃತಿಗಳನ್ನು ರಚಿಸತೊಡಗಿದರು. 1970ರಲ್ಲಿ ಜಪಾನಿನಲ್ಲಿ ಪೋರ್ಟಪ್ಯಾಕ್ ಎಂಬ ವಿಡಿಯೊ ಕ್ಯಾಮೆರಾ ಕೊಂಡ ಮೇಲೆ ವಿಡಿಯೊ ಕೂಡ ಅದರೊಂದಿಗೆ ಸೇರಿಕೊಂಡಿತು.

ಮೊದಲ ತೊಡಕು ‘ಪ್ರದರ್ಶನ’ ಎಂಬುದರದು. ಗ್ಯಾಲರಿಯಲ್ಲಿ ಚಿತ್ರಗಳನ್ನು ಇಟ್ಟು ತೋರಿಸುವುದಕ್ಕೂ, ಕಲಾವಿದೆ ತಾನೇ ಜನರೆದುರು ನಿಂತು ಮಾಡುವುದಕ್ಕೂ, ಸಿನಿಮಾ ತೋರಿಸುವುದಕ್ಕೂ ನಮ್ಮಲ್ಲಿ ಇದೊಂದೇ ಪದ ಸಲ್ಲುತ್ತಿದೆ. ಬೇರೆ ಕಲಾವಿದರ ವಿಷಯದಲ್ಲಿ ಇದು ಹೇಗೋ ನಡೆದೀತು. ಜೋನಾಸರ ವಿಷಯದಲ್ಲಿ ನಡೆಯದು. ಅವರ ‘ಮಿರಾಜ್’ 1976ರಲ್ಲಿ ಪ್ರೇಕ್ಷಕರ ಮುಂದೆ ನಡೆದ ಕೃತಿ: ಅದರಲ್ಲಿ ಅವರು ಕರಿಹಲಗೆಯ ಮೇಲೆ ಸೀಮೆಸುಣ್ಣದಿಂದ ಬರೆಯುವುದು, ಅಳಿಸುವುದು, ಮತ್ತೆ ಬರೆಯುವುದು ನಡೆದೇ ಇರುತ್ತದೆ. ಅದನ್ನೇ ಅವರು 1994ರಲ್ಲಿಯೂ 2005ರಲ್ಲಿಯೂ ವಿಡಿಯೊ, ಲೋಹದ ಶಂಕುಗಳು ಮೊದಲಾದ ಪರಿಕರಗಳನ್ನು ಕೋಣೆಯಲ್ಲಿ ಹೂಡಿಟ್ಟ ಬೇರೊಂದು ರೂಪಕ್ಕೆ ತಂದರು. ಇದನ್ನು ಈಗಿನ ರೂಢಿಯಂತೆ ಬರೆದರೆ ‘1976ರ ಪ್ರದರ್ಶನವನ್ನು 2005ರ ಪ್ರದರ್ಶನದಲ್ಲಿ ಪ್ರದರ್ಶಿಸಲಾಯಿತು’ ಎಂದಾಗುತ್ತದೆ. ರೂಪ ಬದಲಾಯಿತೆಂಬ ಮುಖ್ಯ ಸಂಗತಿಯೇ ವಾಕ್ಯದಿಂದ ಜಾರಿಹೋಗುತ್ತದೆ.

‘ಪ್ರದರ್ಶನ ಕಲೆ’ ಎಂದು ಸೇರಿಸಿ ಹೇಳೋಣವೆಂದರೆ ಅದು ಸಂಗೀತ, ನೃತ್ಯ, ನಾಟಕಗಳಿಗೆ ಈಗಾಗಲೇ ಸಂದುಹೋಗಿದೆ. ‘ಅಭಿನಯ’ ಎಂದರೆ ಪಾತ್ರವೊಂದು ಇರಲೇಬೇಕು ಎನಿಸುತ್ತದೆ. ‘ನಾಟಕ ಪ್ರಯೋಗ’ ಎನ್ನುವಾಗಿನ ‘ಪ್ರಯೋಗ’ ನನಗೆ ಹೆಚ್ಚು ಹಿಡಿಸುತ್ತದೆ, ಏಕೆಂದರೆ ಎದುರಿನಲ್ಲಿ ನಡೆಸುವುದು ಮತ್ತು ಪರೀಕ್ಷಿಸಿ ನೋಡುವುದು ಎಂಬ ಎರಡರ್ಥವೂ ಅದರಲ್ಲಿವೆ. ಆದರೆ ಕಲಾವಿದೆ ತನ್ನ ದೇಹದಿಂದಲೇ ನಡೆಸುವುದೆಂದು ಸೂಚಿಸಲು ‘ದೇಹಪ್ರಯೋಗ’ ಎಂದೊಡನೆ ಪ್ರಯೋಗಶಾಲೆಯ ವಾಸನೆ ಬರುತ್ತದೆ.

ಎರಡನೆಯ ತೊಡಕು ‘ಪ್ರತಿಷ್ಠಾಪನೆ’ಯದು. ಇನ್‌ಸ್ಟಲೇಶನ್‌ಗೆ ‘ಪ್ರತಿಷ್ಠಾಪನಾ ಕಲೆ’ ಎಂಬುದು ಪತ್ರಿಕೆಗಳಲ್ಲಿ ಬಳಕೆಗೆ ಬಂದಿದೆಯಾದರೂ, ಪ್ರತಿಷ್ಠಾಪನೆ ಎಂದರೆ ದೇವರ ಮೂರ್ತಿ, ಮಂತ್ರ, ಮುಹೂರ್ತಗಳೇ ಓದುಗರ ಮನಸ್ಸಿಗೆ ಮೊದಲು ಬರುತ್ತವೆ. ಪ್ರತಿಷ್ಠಾಪಿಸಿದ್ದು ಕದಲಬಾರದು, ಇಲ್ಲಿಯದಾದರೋ ಪ್ರತಿ ಸಲವೂ ಬಿಚ್ಚಿ, ಬೇರೆ ಕೋಣೆಯ ಅಳತೆಗೆ ಮತ್ತೆ ಹೂಡುವಂಥದ್ದು. ಕೊರಿಯಾ ಮೂಲದ ವಿಡಿಯೊ ಕಲಾವಿದ ನಾಮ್ ಜೂನ್ ಪೈಕ್ ಅವರ 1974ರ ‘ಟಿವಿ ಬುದ್ಧ’ದಲ್ಲಿ ಬುದ್ಧನ ಮೂರ್ತಿಯೊಂದು ಕ್ಯಾಮೆರಾದ ಮೂಲಕ ಎದುರಿನ ಪರದೆಯಲ್ಲಿ ಮೂಡುವ ತನ್ನ ಬಿಂಬವನ್ನೇ ನೋಡುತ್ತ ಕುಳಿತಿರುತ್ತದೆ, ಅದನ್ನು ‘ಬುದ್ಧನ ಪ್ರತಿಷ್ಠಾಪನೆ’ ಎಂದು ಬರೆದರೆ ಓದುಗರು ಏನೆಂದುಕೊಂಡಾರು! ‘ಸ್ಥಾಪನೆ’ ಸಂಸ್ಥೆಗಳಿಗೆ, ‘ಅನುಸ್ಥಾಪನೆ’ ಕಂಪ್ಯೂಟರಿನ ತಂತ್ರಾಂಶಕ್ಕೆ ಅಂಟಿಕೊಂಡಿವೆ. ‘ಹೂಡಿಕೆ’ಯನ್ನು ಷೇರು ಮಾರುಕಟ್ಟೆ ಕಿತ್ತುಕೊಂಡಿರದಿದ್ದರೆ ಅದನ್ನೇ ಬಳಸಬಹುದಾಗಿತ್ತು.

ಸದ್ಯಕ್ಕೆ ‘ಪರ್ಫಾರ್ಮೆನ್ಸ್’ ಮತ್ತು ‘ಇನ್‌ಸ್ಟಲೇಶನ್’ ಎಂದೇ ಬರೆದು, ‘ಪ್ರದರ್ಶನ’ವನ್ನು ಗ್ಯಾಲರಿಯ ಏರ್ಪಾಟಿಗೆ ಮಾತ್ರ ಉಳಿಸಿಕೊಂಡಿದ್ದೇನೆ. ವಿಡಿಯೊ ಎಂಬುದಕ್ಕೆ ಕನ್ನಡ ಪದ ಹುಡುಕುವ ಅಗತ್ಯ ನನಗೆ ಕಾಣಲಿಲ್ಲ. ಉಳಿದಿರುವುದು ಕ್ರಿಯಾಪದದ ಪ್ರಶ್ನೆ: ನಾಟಕವನ್ನು ಆಡುತ್ತಾರೆ, ಕಛೇರಿಯನ್ನು ಮಾಡುತ್ತಾರೆ, ಕಥೆಯನ್ನು ಕಟ್ಟುತ್ತಾರೆ, ಕಲಾವಿದೆ ಪರ್ಫಾರ್ಮೆನ್ಸನ್ನು ಮಾಡುತ್ತಾರೆಯೇ, ನೀಡುತ್ತಾರೆಯೇ, ನಡೆಸುತ್ತಾರೆಯೇ? ‘ನೀಡುವುದು’ ನನಗೆ ಸಭಾ ಕಾರ್ಯಕ್ರಮದ ಭಾಷೆಯಂತೆ ಕೇಳುತ್ತದೆ. ಕಲಾಶಾಲೆಗಳಲ್ಲಿ ಪಾಠ ಹೇಳುವವರು ಕನ್ನಡದಲ್ಲಿ ಮಾತನಾಡುವಾಗ ಇವುಗಳಲ್ಲಿ ಯಾವುದನ್ನು ಬಳಸುತ್ತಾರೆ ಎಂಬುದನ್ನು ಉದಾಹರಣೆಯೊಂದಿಗೆ ತಿಳಿಸಿದರೆ ಉಪಕಾರವಾಗುತ್ತದೆ.