ಪದಚರ್ಚೆ: ‘ಕುಡುಕನ ಮೂಗು’ ಬೇಡ, ಹಾಗಾದ್ರೆ ಏನನ್ನೋಣ?

ಎಲ್ಲರಿಗೂ ನಮಸ್ಕಾರ,

ಮುಂಬೈ ಹತ್ರದ ಡೊಂಬಿವಲಿಯಿಂದ ಬರೀತಿದೀನಿ. ಇಲ್ಲಿ ನಮ್ಮ ಕನ್ನಡ ಬಳಗದವರು ಸೇರಿ ಚರ್ಮದ ಕಾಯಿಲೆಗಳ ಬಗ್ಗೆ ಒಂದು ಚಿಕ್ಕ ಕೈಪತ್ರ ಮಾಡ್ತಿದೀವಿ. ಮೂಲ ಇಂಗ್ಲಿಷಲ್ಲಿದೆ, ಮರಾಠಿ ಆಗ್ಲೇ ರೆಡಿ, ಕನ್ನಡದ್ದು ನನ್ನ ಪಾಲಿಗೆ ಬಂದಿದೆ. ಓದೋರು ಅಂದ್ರೆ ಹೋಟೆಲ್ ಭಟ್ಟಿ ಹತ್ರ ಕೆಲಸ ಮಾಡೋ ಕರಾವಳಿಯವರು, ವಿಜಯಪುರ ಕಲಬುರಗಿ ಕಡೆಯಿಂದ ಬಂದು ಕಟ್ಟಡ ಕೆಲಸ ಮಾಡೋರು, ರಿಟೈರ್ ಆಗಿ ಮನೇಲಿರೋ ಹಿರಿಯರು, ಹಾಗಾಗಿ ಎಲ್ಲರ ಬಾಯಲ್ಲೂ ಓಡಾಡೋ ಮಾತು ಬೇಕು. ರೊಸೇಶಿಯಾ ಅನ್ನೋ ಪುಟ ಬಂದಾಗ ಎರಡು ಕಡೆ ನಿಂತುಬಿಟ್ಟೆ. ಒಂದು ಹೆಸರಿನ ಪ್ರಶ್ನೆ, ಇನ್ನೊಂದು ಕ್ರಿಯಾಪದದ ಪ್ರಶ್ನೆ. ಎರಡಕ್ಕೂ ನಿಮ್ಮ ಅಭಿಪ್ರಾಯ ಬೇಕು.

ಮೊದಲು ವಿಷಯ ಹೇಳ್ತೀನಿ, ಇಲ್ಲಾಂದ್ರೆ ಪದ ತೂಗಿ ನೋಡೋಕಾಗಲ್ಲ. ರೊಸೇಶಿಯಾ ಅಂದ್ರೆ ಮೂಗು, ಕೆನ್ನೆ, ಹಣೆ, ಗದ್ದದ ಚರ್ಮ ಆಗಾಗ ಬಿಸಿಯಾಗಿ ಕೆಂಪೇರೋದು, ಬರ್ತಾ ಬರ್ತಾ ಆ ಕೆಂಪು ಹಾಗೇ ನಿಂತುಬಿಡೋದು, ಸಣ್ಣ ರಕ್ತನಾಳಗಳು ಎದ್ದು ಕಾಣೋದು, ಮೊಡವೆ ತರ ಗುಳ್ಳೆ ಬರೋದು (ಹಿಂದೆ ಇದನ್ನ ಆಕ್ನೆ ರೊಸೇಶಿಯಾ ಅಂತಲೇ ಕರೀತಿದ್ರು, ಆದ್ರೆ ಮೊಡವೆಯಲ್ಲಿರೋ ಬ್ಲ್ಯಾಕ್‌ಹೆಡ್ ಇದರಲ್ಲಿರಲ್ಲ). ಕೆಲವರಲ್ಲಿ, ಅದರಲ್ಲೂ ನಡುವಯಸ್ಸು ದಾಟಿದ ಗಂಡಸರಲ್ಲಿ ಹೆಚ್ಚಾಗಿ, ಮೂಗಿನ ಜಿಡ್ಡಿನ ಗ್ರಂಥಿಗಳು ದೊಡ್ಡದಾಗಿ, ಒಳಗೆ ನಾರಿನಂಥ ಅಂಗಾಂಶ ಬೆಳೆದು, ಚರ್ಮ ದಪ್ಪ ಆಗಿ, ರಂಧ್ರಗಳು ಅಗಲ ಆಗಿ ಕಿತ್ತಳೆ ಸಿಪ್ಪೆ ತರ ಕಾಣುತ್ತೆ, ಮೂಗಿನ ಆಕಾರವೇ ಬದಲಾಗುತ್ತೆ. ಇದಕ್ಕೆ ರೈನೋಫೈಮಾ ಅಂತ ಹೆಸರು, 1845ರಲ್ಲಿ ವಿಯೆನ್ನಾದ ಚರ್ಮವೈದ್ಯ ಫರ್ಡಿನಾಂಡ್ ಫಾನ್ ಹೆಬ್ರಾ ಇಟ್ಟಿದ್ದು. ಗ್ರೀಕ್‌ನಲ್ಲಿ ಮೂಗು ಪ್ಲಸ್ ಬೆಳವಣಿಗೆ, ಅಷ್ಟೇ. ಅದರಲ್ಲಿ ಹೆಂಡದ ಸುದ್ದಿನೇ ಇಲ್ಲ.

ಆದ್ರೆ ಜನ ಇಟ್ಟ ಹೆಸರಲ್ಲೆಲ್ಲ ಹೆಂಡ ಇದೆ. ಇಂಗ್ಲಿಷಲ್ಲಿ ವಿಸ್ಕಿ ನೋಸ್, ರಮ್ ನೋಸ್ ಅಂತಾರೆ. ಜರ್ಮನ್‌ನಲ್ಲಿ ಕುಡುಕನ ಮೂಗು ಅನ್ನೋ ಅರ್ಥದ ಮಾತೂ ಇದೆ, ಗಡ್ಡೆ ಮೂಗು ಅನ್ನೋ ಅರ್ಥದ ‘ಕ್ನೋಲೆನ್‌ನಾಜೆ’ ಅಂತಲೂ ಇದೆ. ನಮ್ಮ ಕೈಪತ್ರದ ಕನ್ನಡ ಕರಡಲ್ಲಿ ಯಾರೋ ಮುಂಚೆನೇ ‘ಕುಡುಕನ ಮೂಗು’ ಅಂತ ಹಾಕಿಟ್ಟಿದ್ರು, ಓದಿದ ಕೂಡ್ಲೇ ಅರ್ಥ ಆಗುತ್ತೆ ಅನ್ನೋ ಕಾರಣಕ್ಕೆ. ನನಗೆ ಇದು ಬೇಡವೇ ಬೇಡ. ನಮ್ಮ ದೊಡ್ಡಪ್ಪ ಇಡೀ ಆಯುಷ್ಯ ಹೋಟೆಲಲ್ಲಿ ದುಡಿದವರು, ಮೊದಲು ಭಟ್ಟಿ ಹತ್ರ ಆಮೇಲೆ ಗಲ್ಲಾದಲ್ಲಿ, ಒಂದು ತೊಟ್ಟು ಕುಡಿದವರಲ್ಲ, ಮೂಗು ದಪ್ಪ ಆಗ್ತಾ ಬಂದ ಮೇಲೆ ಗಿರಾಕಿಗಳು ಬಿಲ್ ಕೊಡುವಾಗ ಮುಖ ನೋಡಿ ನಗೋದು, ಹೊಸಬರು ಬೇವ್ಡಾ (ಕುಡುಕ) ಅಂತ ಹಿಂದಿನಿಂದ ಆಡ್ಕೊಳ್ಳೋದು, ಕೊನೆಗೆ ಅವರು ಮದುವೆ ಮುಂಜಿಗೆ ಹೋಗೋದೇ ಬಿಟ್ರು. ಡಾಕ್ಟರ ಹತ್ರ ಹೋಗೋಕೂ ನಾಚಿಕೆ, ಅವರೂ ಅದನ್ನೇ ಕೇಳ್ತಾರೆ ಅಂತ. ಕಾಯಿಲೆಯ ಹೆಸರಲ್ಲೇ ಆರೋಪ ಇದ್ರೆ ಕಾಯಿಲೆ ಇರೋರು ಕೈಪತ್ರ ತಗೊಳ್ಳೋಕೆ ಕೈ ಚಾಚೋದೇ ಇಲ್ಲ.

ಕುಡಿಯೋರಿಗೂ ಆ ಹೆಸರು ಒಳ್ಳೇದು ಮಾಡಲ್ಲ. ಕುಡಿತ ಬಿಟ್ರೆ ಮೂಗು ತಾನಾಗೇ ಸರಿ ಹೋಗುತ್ತೆ ಅಂತ ಕಾಯ್ತಾ ಕೂರ್ತಾರೆ. ಕುಡಿತ ಬಿಡೋದು ಎಷ್ಟೋ ಕಾರಣಕ್ಕೆ ಒಳ್ಳೇದೇ, ಮುಖ ಕೆಂಪಾಗೋದೂ ಕಡಿಮೆ ಆಗಬಹುದು, ಆದ್ರೆ ಒಂದ್ಸಲ ಬೆಳೆದು ದಪ್ಪ ಆದ ಚರ್ಮ ಅಷ್ಟರಿಂದ ಹಿಂದಕ್ಕೆ ಹೋಗಲ್ಲ.

ಹಾಗಾದ್ರೆ ಯಾವ ಹೆಸರು? ‘ನಾಸಾವೃದ್ಧಿ’ ಅಂತ ಒಬ್ರು ಹೇಳಿದ್ರು, ಪುಸ್ತಕದಲ್ಲಿ ಚೆನ್ನಾಗಿರುತ್ತೆ, ಆದ್ರೆ ಭಟ್ಟಿ ಹತ್ರ ನಿಂತೋರಿಗೆ ಅದು ಏನೂ ಹೇಳಲ್ಲ, ವೃದ್ಧಿ ಅಂದ್ರೆ ಒಳ್ಳೇ ಮಾತು ಬೇರೆ. ‘ಗಡ್ಡೆ ಮೂಗು’ ಅಂದ್ರೆ ಗಡ್ಡೆ ಅನ್ನೋ ಮಾತಿಗೆ ನಮ್ಮ ಜನ ಕ್ಯಾನ್ಸರ್ ಅಂತಲೇ ಬೆದರ್ತಾರೆ. (ದಪ್ಪ ಆದ ಚರ್ಮದ ನಡುವೆ ಕೆಲವೊಮ್ಮೆ ಚರ್ಮದ ಕ್ಯಾನ್ಸರ್ ಮರೆಯಾಗಿ ಕೂತಿರೋದುಂಟು, ವಾಸಿಯಾಗದ ಹುಣ್ಣು, ರಕ್ತ ಒಸರೋದು, ಒಂದೇ ಕಡೆ ಬೇಗ ಬೇಗ ಬೆಳೆಯೋದು ಕಂಡ್ರೆ ತೋರಿಸಲೇಬೇಕು, ಅದನ್ನ ಕೈಪತ್ರದಲ್ಲಿ ಬೇರೆ ಸಾಲಲ್ಲೇ ಹಾಕಿದೀನಿ. ಆದ್ರೆ ಈ ಕಾಯಿಲೆನೇ ಕ್ಯಾನ್ಸರ್ ಅಲ್ಲ.) ‘ಮೂಗಿನ ಬಾವು’ ಅಂತ ಬರೆದ್ರೆ ಬಾವು ಇಳಿಯುತ್ತೆ ಅಂತ ಅರ್ಥ, ಬಿಸಿನೀರಿನ ಶಾಖ ಕೊಡೋಕೆ ಶುರು ಮಾಡ್ತಾರೆ, ಇದಕ್ಕೆ ಶಾಖನೇ ಆಗಿಬರಲ್ಲ. ‘ಜಡ್ಡುಗಟ್ಟಿದ ಮೂಗು’ ಕೂಡ ನೋಡಿದೆ, ಆದ್ರೆ ಜಡ್ಡುಗಟ್ಟೋದು ಅಂಗೈ ಅಂಗಾಲಿನ ಮೇಲ್ಪದರ ಉಜ್ಜಿ ಉಜ್ಜಿ ಗಟ್ಟಿಯಾಗೋದು, ಇಲ್ಲಿ ಬೆಳೆಯೋದು ಒಳಗಿನ ಗ್ರಂಥಿ.

ನನ್ನ ಒಲವು ‘ಉಬ್ಬು ಮೂಗು’ ಕಡೆಗೆ. ಉಬ್ಬು ಹಲ್ಲು ಅಂತೀವಲ್ಲ, ಅದರಲ್ಲಿ ಯಾರ ಮೇಲೂ ದೂರು ಇಲ್ಲ, ಕಂಡಿದ್ದನ್ನ ಹೇಳುತ್ತೆ ಅಷ್ಟೇ. ಇನ್ನೊಂದು ಅನುಕೂಲ ಏನಂದ್ರೆ ಈ ದಪ್ಪ ಆಗೋದು ಮೂಗಿಗೆ ಮಾತ್ರ ಅಲ್ಲ, ಅಪರೂಪಕ್ಕೆ ಗದ್ದ, ಹಣೆ, ಕಿವಿ, ರೆಪ್ಪೆಯಲ್ಲೂ ಆಗುತ್ತೆ, ಇಂಗ್ಲಿಷಲ್ಲಿ ಒಂದೊಂದಕ್ಕೂ ಬೇರೆ ಬೇರೆ ಗ್ರೀಕ್ ಹೆಸರು, ನಾವು ಗದ್ದದ ಉಬ್ಬು, ಕಿವಿ ಉಬ್ಬು ಅಂತ ಸಲೀಸಾಗಿ ಮುಂದುವರಿಸಬಹುದು. ಅನುಮಾನ ಒಂದೇ, ಹೊಟ್ಟೆ ಉಬ್ಬರ ಇಳಿಯೋ ಹಾಗೆ ಇದೂ ಇಳಿಯುತ್ತೆ ಅನ್ನೋ ಭಾವನೆ ಬರುತ್ತಾ? ನಿಮಗೆ ಹೇಗನ್ಸುತ್ತೆ ಹೇಳಿ.

ಈಗ ಎರಡನೇದು, ನನಗೆ ಇದೇ ಹೆಚ್ಚು ಮುಖ್ಯ. ಮೂಲದಲ್ಲಿ ಕುಡಿತಕ್ಕೂ ಈ ಮೂಗಿಗೂ ಇರೋ ಸಂಬಂಧದ ಬಗ್ಗೆ ಒಂದು ಸಾಲಿದೆ, ಅದು ಕನ್ನಡ ಕರಡಲ್ಲಿ “ಮದ್ಯಪಾನವು ಮೂಗಿನ ಚರ್ಮ ದಪ್ಪವಾಗಲು ಕೊಡುಗೆ ನೀಡುತ್ತದೆ” ಅಂತ ಆಗಿದೆ. ಕೊಡುಗೆ ಅನ್ನೋದು ದಾನಿಗಳು ಶಾಲೆಗೆ ಕೊಡೋದು, ಕಾಯಿಲೆಗೆ ಯಾರೂ ಕೊಡುಗೆ ಕೊಡಲ್ಲ. ಇನ್ನೊಬ್ರು ತಿದ್ದಿ “ಕುಡಿತದಿಂದ ಮೂಗು ದಪ್ಪವಾಗುತ್ತದೆ” ಅಂತ ಮಾಡಿದ್ರು. ಕನ್ನಡ ಶುದ್ಧವಾಯ್ತು, ವಿಷಯ ಕೆಟ್ಟೋಯ್ತು. ಆ ಒಂದು ‘ಇಂದ’ ಪ್ರತ್ಯಯ ಇಡೀ ತೀರ್ಪು ಕೊಟ್ಟುಬಿಡುತ್ತೆ.

ಗೊತ್ತಿರೋದು ಇಷ್ಟು. ಆಲ್ಕೋಹಾಲ್ ಕುಡಿದಾಗ ಚರ್ಮದ ರಕ್ತನಾಳ ಹಿಗ್ಗುತ್ತೆ, ಮುಖ ಬಿಸಿಯಾಗಿ ಕೆಂಪೇರುತ್ತೆ, ರೊಸೇಶಿಯಾ ಆಗ್ಲೇ ಇರೋ ಎಷ್ಟೋ ಜನಕ್ಕೆ ಕುಡಿದ ದಿನ ಅದು ಜಾಸ್ತಿ ಆಗುತ್ತೆ, ಇದರಲ್ಲಿ ಜಗಳ ಇಲ್ಲ. ಬಿಸಿಲು, ಸೆಕೆ, ಬಿಸಿ ಚಾ, ಖಾರ, ಸಿಟ್ಟು ಇವೂ ಅದೇ ಕೆಲಸ ಮಾಡ್ತಾವೆ. ಹೊಸದಾಗಿ ರೊಸೇಶಿಯಾ ಬರೋದಕ್ಕೂ ಕುಡಿತಕ್ಕೂ ನಂಟಿದೆಯಾ ಅನ್ನೋದಕ್ಕೆ 2017ರಲ್ಲಿ ಅಮೆರಿಕದ ನರ್ಸ್‌ಗಳ ದೊಡ್ಡ ಅಧ್ಯಯನ ಬಂತು, ವರ್ಷಗಟ್ಟಲೆ ಅವರ ಆರೋಗ್ಯದ ಲೆಕ್ಕ ಇಟ್ಟಿದ್ದು. ಕುಡಿಯೋ ಪ್ರಮಾಣ ಹೆಚ್ಚಿದ ಹಾಗೆ ರೊಸೇಶಿಯಾ ಕೂಡ ಹೆಚ್ಚು ಕಂಡಿತ್ತು, ಅದರಲ್ಲೂ ವೈಟ್ ವೈನ್ ಮತ್ತೆ ವಿಸ್ಕಿ, ರಮ್ ತರದ ಹಾಟ್ ಡ್ರಿಂಕ್ಸ್ ಕುಡಿಯೋರಲ್ಲಿ. ಆದ್ರೆ ಅದು ಹೆಂಗಸರ ಅಧ್ಯಯನ, ಅದೂ ರೊಸೇಶಿಯಾದ್ದು, ದಪ್ಪ ಮೂಗಿಂದಲ್ಲ. ಮೂಗಿನ ಬಗ್ಗೆಯೇ 2019ರಲ್ಲಿ ಫ್ರಾನ್ಸ್‌ನವರದ್ದೊಂದು ಬಂತು, ಚರ್ಮ ದಪ್ಪ ಆದ ರೊಸೇಶಿಯಾದವರನ್ನ ದಪ್ಪ ಆಗದ ರೊಸೇಶಿಯಾದವರ ಜೊತೆ ಹೋಲಿಸಿದ್ರು, ದಪ್ಪ ಆದವರಲ್ಲಿ ಕುಡಿತ ಹೆಚ್ಚು ಕಂಡಿತ್ತು. ಅದೂ ಒಟ್ಟೊಟ್ಟಿಗೆ ಇರೋದನ್ನ ತೋರಿಸೋ ಬಗೆಯ ಅಧ್ಯಯನ, ಇದೇ ಅದನ್ನ ತಂತು ಅಂತ ಸಾಬೀತು ಮಾಡೋ ಬಗೆಯದ್ದಲ್ಲ. ಕುಡಿಯದೇ ಇರೋರಿಗೂ ಬರುತ್ತೆ, ಹೊಟ್ಟೆ ತುಂಬಾ ಕುಡಿಯೋ ಎಷ್ಟೋ ಮಂದಿಗೆ ಬರೋದೇ ಇಲ್ಲ, ಮನೆತನದ ಗುಣಕ್ಕೂ ಇದರಲ್ಲಿ ಪಾತ್ರ ಇದೆ. ಇಷ್ಟನ್ನೂ ಒಂದು ಕ್ರಿಯಾಪದದಲ್ಲಿ ಹಿಡೀಬೇಕು.

ನಾನು ತೂಗಿ ನೋಡಿದ ಮಾತುಗಳು: ‘ಕಾರಣ’ ತೀರಾ ಗಟ್ಟಿ. ‘ಕೈವಾಡ’ ಅಂದ್ರೆ ಪಿತೂರಿ ಆಗುತ್ತೆ, ‘ಕುಮ್ಮಕ್ಕು’ ಅಂದ್ರೂ ಪೊಲೀಸ್ ಕೇಸಿನ ಭಾಷೆ. ‘ನೆವ’ ನಂಗೆ ತುಂಬಾ ಇಷ್ಟ, ಮಳೆ ಒಂದು ನೆವ ಜ್ವರ ಬರೋದಿತ್ತು ಬಂತು ಅಂತೀವಲ್ಲ ಆ ಅರ್ಥ, ಆದ್ರೆ ಅದು ಕುಡಿತವನ್ನ ಪೂರ್ತಿ ಬಿಟ್ಟುಕೊಡುತ್ತೆ, ಅಷ್ಟು ಹಗುರ ಮಾಡೋದೂ ಸುಳ್ಳೇ. ‘ಉಲ್ಬಣ’ ಆಯುರ್ವೇದದೋರಿಗೆ ಪರಿಚಯದ ಮಾತು, ಸರಿಯಾದ ಅರ್ಥ ಕೂಡ, ಆದ್ರೆ ಆಸ್ಪತ್ರೆ ರೇಡಿಯೋ ನ್ಯೂಸ್ ಬಿಟ್ರೆ ಕಿವಿಗೆ ಬೀಳಲ್ಲ. ಕೊನೆಗೆ ಒಂದೇ ಪದದಲ್ಲಿ ಮುಗಿಸೋ ಹಟ ಬಿಟ್ಟು ಎರಡು ಮಾಡಿದೆ, ಕೆಂಪೇರೋದಕ್ಕೆ ‘ಕೆರಳಿಸು’, ದಪ್ಪ ಆಗೋದಕ್ಕೆ ‘ನಂಟು’. ಹೀಗೆ:

“ಕುಡಿತ ಮುಖದ ಕೆಂಪನ್ನು ಕೆರಳಿಸುತ್ತದೆ. ಮೂಗಿನ ಚರ್ಮ ದಪ್ಪವಾಗುವುದಕ್ಕೂ ಕುಡಿತಕ್ಕೂ ನಂಟು ಕಂಡುಬಂದಿದೆ. ಆದರೆ ಕುಡಿಯದವರಿಗೂ ಇದು ಬರುತ್ತದೆ, ಮೂಗು ನೋಡಿ ಕುಡುಕ ಅನ್ನಬೇಡಿ.”

ಕೊನೇ ಸಾಲು ಮೂಲದಲ್ಲಿಲ್ಲ, ನಾನೇ ಸೇರಿಸಿದೀನಿ, ಡಾಕ್ಟರ್ ಒಪ್ಪಿದಾರೆ. ‘ನಂಟು’ ಅಂದ್ರೆ ನೆಂಟಸ್ತನ ಅಂತ ಬೇರೆ ಕಡೆ ಕೇಳಿಸುತ್ತಾ, ಉತ್ತರ ಕರ್ನಾಟಕದವರು ಹೇಳಬೇಕು.

‘ಕೆಂಪು’ ಬಗ್ಗೆಯೂ ಒಂದು ಮಾತು. ನಮ್ಮ ಮೈಬಣ್ಣದಲ್ಲಿ ಈ ಕೆಂಪು ಅಷ್ಟು ಕಾಣಲ್ಲ, ಕಂದು ಕಂದು ಆದ ಹಾಗೆ ಇರುತ್ತೆ ಇಲ್ಲಾ ಏನೂ ಕಾಣಲ್ಲ, ಹಾಗಾಗಿ ಮೂಗು ದಪ್ಪ ಆದ ಮೇಲೇ ಗೊತ್ತಾಗೋದೂ ಉಂಟು. ಅದಕ್ಕೆ ಕೆಂಪು ಅಂತ ಬರೆದ ಕಡೆಯೆಲ್ಲ ‘ಮುಖ ಬಿಸಿಯೇರುವುದು, ಉರಿ, ಚುರುಚುರು’ ಅಂತಲೂ ಸೇರಿಸ್ತಿದೀನಿ. ಜೊತೆಗೆ ಮೆಡಿಕಲ್ ಶಾಪಲ್ಲಿ ಕೇಳಿ ತಂದು ಹಚ್ಚೋ ಸ್ಟೆರಾಯ್ಡ್ ಕ್ರೀಮಿನ ಎಚ್ಚರಿಕೆ ದಪ್ಪ ಅಕ್ಷರದಲ್ಲಿ ಹಾಕ್ತಿದೀವಿ, ಮೊದಲು ಆರಾಮ ಅನ್ಸುತ್ತೆ, ಆಮೇಲೆ ರೊಸೇಶಿಯಾ ತರದ್ದನ್ನ ಅದೇ ತರಿಸುತ್ತೆ.

ಚಿಕಿತ್ಸೆ ಭಾಗದಲ್ಲಿ ಇನ್ನೊಂದು ತೊಡಕು. ಶುರುವಲ್ಲಿ ಮಾತ್ರೆ ಮುಲಾಮು ಇವೆ, ಪೂರ್ತಿ ದಪ್ಪ ಆದ ಮೇಲೆ ಲೇಸರ್‌ನಿಂದಲೋ ಬ್ಲೇಡಿಂದಲೋ ಹೆಚ್ಚಾದ ಚರ್ಮವನ್ನ ಪದರ ಪದರವಾಗಿ ತೆಗೆದು ಮೂಗಿಗೆ ಆಕಾರ ಕೊಡ್ತಾರೆ, ಗ್ರಂಥಿಯ ತಳಭಾಗವನ್ನ ಬೇಕಂತಲೇ ಉಳಿಸ್ತಾರೆ, ಅದರಿಂದಲೇ ಹೊಸ ಚರ್ಮ ಹುಟ್ಟಿ ಗಾಯ ಮುಚ್ಚೋದು. ಕರಡಲ್ಲಿ ‘ಕತ್ತರಿಸಿ ತೆಗೆಯುವುದು’ ಅಂತಿದೆ. ಮೂಗು ಕತ್ತರಿಸೋದು ಅಂದ್ರೆ ನಮ್ಮ ಭಾಷೇಲಿ ಮಾನ ತೆಗೆಯೋದು, ಆಗ್ಲೇ ನಾಚಿಕೆಯಲ್ಲಿರೋ ಮನುಷ್ಯ ಆ ಸಾಲು ಓದಿ ಸಾಯನ್ ಆಸ್ಪತ್ರೆಗೋ ಕೆಇಎಮ್ ಆಸ್ಪತ್ರೆಗೋ ಹೋಗಿ ಚರ್ಮದ ಓಪಿಡಿ ಕ್ಯೂನಲ್ಲಿ ನಿಲ್ತಾನಾ? ಅದರ ಬದಲು ‘ಹೆರೆದು ತೆಗೆಯುವುದು’ ಅಂತ ಹಾಕೋಣ ಅಂತಿದೀನಿ, ಕರಾವಳಿಯಲ್ಲಿ ಕಾಯಿ ಹೆರೆಯೋದು ಎಲ್ಲರಿಗೂ ಗೊತ್ತು. ಮೈಸೂರು ಕಡೆ ಕಾಯಿ ತುರಿಯೋದು ಅಂತಾರೆ, ಅವರಿಗೆ ಹೆರೆ ತಟ್ಟನೆ ಹೊಳೆಯುತ್ತಾ? ಧಾರವಾಡ, ಬೀದರ್ ಕಡೆ ಮನೇಲಿ ಏನಂತಾರೆ? ಪುಸ್ತಕ ನೋಡಿ ಹೇಳೋದಕ್ಕಿಂತ ಮನೇಲಿ ಹಿರಿಯರನ್ನ ಒಮ್ಮೆ ಕೇಳಿ ಬರೆದ್ರೆ ನನಗೆ ಹೆಚ್ಚು ಉಪಯೋಗ.